ಗುಂಡ್ಲುಪೇಟೆಯಲ್ಲಿ ಹತ್ತು ನಿಮಿಷ

ಊಟಿಗೆ ಹೊರಟ ಬಸ್ಸು ಇವತ್ತು ಗುಂಡ್ಲುಪೇಟೆಯಲ್ಲಿ ನಿಂತಾಗ ಟೀ ಕುಡಿಯೋಕೆ ಇಳಿದೆ. ಹಳದಿ ಚೆಂಡುಹೂವಿನ ಮೂಟೆ ಹೊತ್ತ ಟೆಂಪೋ ಒಂದು ಪಕ್ಕದಲ್ಲೇ ಬಂದು ನಿಂತಿತು. ಬಿಸಿ ಗ್ಲಾಸು ಕೈಯಲ್ಲಿದ್ದಾಗ ಸುಮ್ನೆ ಕೆ.ಎಸ್. ನಾಗರತ್ನಮ್ಮ ನೆನಪಾದರು.

ಈ ಊರಿನಿಂದ ಏಳು ಸಲ ಗೆದ್ದವರು. ಮೊದಲ ಸಲ 1957ರಲ್ಲಿ, ಪಕ್ಷೇತರರಾಗಿ! ಆ ಕಾಲದಲ್ಲಿ ಒಬ್ಬ ಹೆಣ್ಣುಮಗಳು ಪಕ್ಷದ ಬಲ ಇಲ್ಲದೆ ಹಳ್ಳಿಹಳ್ಳಿ ತಿರುಗಿ ಓಟು ಕೇಳಿದ್ದನ್ನು ನೆನೆದರೆ ಈಗಲೂ ಮೈ ಜುಂ ಅನ್ನುತ್ತೆ. 1972ರಲ್ಲಿ ನಮ್ಮ ವಿಧಾನಸಭೆಯ ಮೊದಲ ಮಹಿಳಾ ಸ್ಪೀಕರ್ ಆದರು. ಮೈಸೂರು ರಾಜ್ಯಕ್ಕೆ ಕರ್ನಾಟಕ ಅಂತ ಹೆಸರಿಡುವ ನಿರ್ಣಯ ಸಭೆಯಲ್ಲಿ ಪಾಸಾಗಿದ್ದು ಅದೇ ವರ್ಷ. ನಾವು ದಿನಾ ಹೇಳುವ ಹೆಸರು ಅದು, ಅಲ್ವಾ? ಆ ಹೊತ್ತಿನ ಸ್ಪೀಕರ್ ಈ ಊರಿನ ಶಾಸಕಿ ಅಂತ ನನಗೆ ಶಾಲೆಯಲ್ಲಿ ಯಾರೂ ಹೇಳಿರಲಿಲ್ಲ.

1978ರವರೆಗೂ ಆ ಕುರ್ಚಿಯಲ್ಲಿ ಅವರೇ ಇದ್ದರು. ಆಮೇಲೆ ಇವತ್ತಿನ ತನಕ ಅಲ್ಲಿ ಇನ್ನೊಬ್ಬ ಹೆಣ್ಣುಮಗಳು ಕೂತಿಲ್ಲ. ಇದು ನನಗೆ ನಿಜವಾಗಿ ನೋವಿನ ವಿಷಯ.

ಕಂಡಕ್ಟರ್ ಸೀಟಿ ಊದಿದರು. ಬಸ್ಸು ಹತ್ತಿದೆ. ನನ್ನ ಪಕ್ಕ ಯೂನಿಫಾರಂ ಹಾಕಿದ್ದ ಇಬ್ಬರು ಹುಡುಗಿಯರು ಬಂದು ಕೂತರು. ಅವರಿಗೆ ಈ ಹೆಸರು ಹೇಳಿದೆ.