ಕೀ ಬಿಟ್ಟ ತಕ್ಷಣ ಗಾಡಿ ಆಫ್: ಇಗ್ನಿಷನ್ ಸ್ವಿಚ್ ಮನೆಯಲ್ಲೇ ಬದಲಿಸಿದ್ದು

ಕೀ ತಿರುಗಿಸಿದರೆ ಸೆಲ್ಫ್ ಹೊಡೆಯುತ್ತದೆ, ಎಂಜಿನ್ ಸ್ಟಾರ್ಟ್ ಆಗುತ್ತದೆ, ಕೀ ಕೈಬಿಟ್ಟ ತಕ್ಷಣ ಆಫ್. ಮತ್ತೆ ತಿರುಗಿಸಿದರೆ ಮತ್ತೆ ಅದೇ ಕಥೆ. ನಮ್ಮ ಕಾರಿಗೆ ಬಂದ ಕಾಯಿಲೆ ಇದು. ಅದಕ್ಕೂ ಮುಂಚೆ ಸಣ್ಣಪುಟ್ಟ ಸೂಚನೆಗಳು ಕಾಣಿಸುತ್ತಿದ್ದವು. ಗುಂಡಿ ಇಳಿದಾಗ ಡ್ಯಾಶ್‌ಬೋರ್ಡ್ ದೀಪಗಳೆಲ್ಲ ಒಂದು ಕ್ಷಣ ಹೋಗಿ ಬರುತ್ತಿದ್ದವು. ಬ್ಲೋವರ್ ಜೋರಾಗಿ ಇಟ್ಟರೆ ತಾನಾಗಿಯೇ ನಿಂತು ಮತ್ತೆ ತಿರುಗುತ್ತಿತ್ತು. ಕೀ ಹಾಕುವ ಜಾಗ ಮುಟ್ಟಿದರೆ ಬೆಚ್ಚಗೆ ಇರುತ್ತಿತ್ತು.

ಇಂಥ ತೊಂದರೆ ಯಾರಿಗಾದರೂ ಹೇಳಿ ನೋಡಿ. ಮೊದಲ ಸಲಹೆ ಬ್ಯಾಟರಿ ಬದಲಾಯಿಸಿ ಅಂತ, ಎರಡನೆಯದು ಸ್ಟಾರ್ಟರ್ ಮೋಟರ್ ಹೋಗಿರಬೇಕು ಅಂತ. ಎರಡೂ ದೊಡ್ಡ ಖರ್ಚು, ಎರಡೂ ಊಹೆ. ಕಾರಿನ ಎಲೆಕ್ಟ್ರಿಕಲ್ ಕೆಲಸದಲ್ಲಿ ಊಹೆ ಮಾಡಿ ಪಾರ್ಟ್ ತರುವುದರಷ್ಟು ದಂಡದ ಕೆಲಸ ಇನ್ನೊಂದಿಲ್ಲ. ಮೊದಲು ಮೀಟರ್ (ಮಲ್ಟಿಮೀಟರ್) ಹಿಡಿಯಬೇಕು, ಅದೂ ಲೋಡ್ ಇಟ್ಟುಕೊಂಡು, ಅಂದರೆ ಬ್ಲೋವರ್‌ನಂಥದ್ದು ಕರೆಂಟ್ ಎಳೆಯುತ್ತಿರುವಾಗ. ಇದನ್ನು ಹೇಳಬೇಕು ಅಂತಲೇ ಈ ಪೋಸ್ಟ್.

ಮೊದಲು ಒಂದು ವಿಷಯ ಸರಿಯಾಗಿ ತಿಳಿದುಕೊಳ್ಳೋಣ. ಕೀ ಹಾಕುವ ಬೀಗ ಬೇರೆ, ಇಗ್ನಿಷನ್ ಸ್ವಿಚ್ ಬೇರೆ. ಬಹಳಷ್ಟು ಕಾರುಗಳಲ್ಲಿ ಬೀಗದ ಹಿಂಭಾಗಕ್ಕೆ ಒಂದು ಸಣ್ಣ ಪ್ಲಾಸ್ಟಿಕ್ ಡಬ್ಬಿ ಅಂಟಿಕೊಂಡಿರುತ್ತದೆ, ನಿಜವಾದ ಸ್ವಿಚ್ ಅದು. ಕೀ ತಿರುಗಿಸಿದಾಗ ಬೀಗದ ತುದಿಯಲ್ಲಿರುವ ಪಟ್ಟಿ ಆ ಡಬ್ಬಿಯೊಳಗಿನ ತಿರುಗುವ ಭಾಗವನ್ನು ಜೊತೆಯಲ್ಲೇ ತಿರುಗಿಸುತ್ತದೆ, ಒಳಗಿನ ತಾಮ್ರದ ಕಾಂಟ್ಯಾಕ್ಟ್‌ಗಳು ಜಾರಿಕೊಂಡು ಒಂದೊಂದು ಜಾಗದಲ್ಲಿ ಒಂದೊಂದು ವೈರಿಗೆ ಕರೆಂಟ್ ಕೊಡುತ್ತವೆ. ಲಾಕ್, ಎಸಿಸಿ (ರೇಡಿಯೋ ಥರದವಕ್ಕೆ ಮಾತ್ರ ಕರೆಂಟ್), ಆನ್, ಸ್ಟಾರ್ಟ್ ಅಂತ ನಾಲ್ಕು ಜಾಗ. ಸ್ಟಾರ್ಟ್‌ಗೆ ಸ್ಪ್ರಿಂಗ್ ಇರುತ್ತದೆ, ಕೈ ಬಿಟ್ಟರೆ ಆನ್‌ಗೆ ವಾಪಸ್ ಬರುತ್ತದೆ. ಸ್ಟಾರ್ಟ್‌ನಲ್ಲಿ ಓಡುವ ಎಂಜಿನ್ ಆನ್‌ಗೆ ಬಂದ ಕೂಡಲೇ ಸತ್ತರೆ, ಆನ್ ಜಾಗದ ಕಾಂಟ್ಯಾಕ್ಟ್ ಮೇಲೆ ಅನುಮಾನ ಬರಲೇಬೇಕು.

ಆದರೆ ಅನುಮಾನ ಬೇರೆ, ಖಾತ್ರಿ ಬೇರೆ. ಬ್ಯಾಟರಿಯಿಂದಲೇ ಶುರು ಮಾಡಿ. ಗಾಡಿ ಕೆಲವು ಗಂಟೆ ನಿಂತಿದ್ದಾಗ ಪೂರ್ತಿ ಚಾರ್ಜ್ ಇರುವ ಬ್ಯಾಟರಿ ಸುಮಾರು 12.6 ವೋಲ್ಟ್ ತೋರಿಸುತ್ತದೆ. 12.2 ಅಂದರೆ ಅರ್ಧ ಖಾಲಿ. ಸೆಲ್ಫ್ ಹೊಡೆಯುವಾಗ 9.6ಕ್ಕಿಂತ ಕೆಳಗೆ ಬಿದ್ದರೆ ಬ್ಯಾಟರಿಯನ್ನೇ ನೋಡಬೇಕು. ಟರ್ಮಿನಲ್ ಮೇಲೆ ಬಿಳಿ, ಹಸಿರು ಪುಡಿ ಕಟ್ಟಿದ್ದರೆ ಬಿಚ್ಚಿ ಉಜ್ಜಿ ಬಿಗಿ ಮಾಡಿ. ಅರ್ಥ್ ವೈರ್ ಬಾಡಿಗೆ ಸೇರುವ ಕಡೆಯೂ ಒಮ್ಮೆ ನೋಡಿ. ಎಷ್ಟೋ ಸಲ ಕಥೆ ಇಲ್ಲಿಗೇ ಮುಗಿಯುತ್ತದೆ.

ಸೆಲ್ಫೇ ಹೊಡೆಯದ ಗಾಡಿಯಾದರೆ ಹೆಡ್‌ಲೈಟ್ ಹಾಕಿ ಕೀ ತಿರುಗಿಸಿ. ದೀಪ ತೀರಾ ಮಂಕಾದರೆ ಬ್ಯಾಟರಿ ಅಥವಾ ದಪ್ಪ ಕೇಬಲ್‌ಗಳ ಕಡೆ ಹೋಗಿ. ದೀಪ ಹಾಗೇ ಉರಿಯುತ್ತಿದೆ, ಕಟ್ ಅನ್ನುವ ಸದ್ದೂ ಇಲ್ಲ ಅಂದರೆ ಸ್ಟಾರ್ಟರ್‌ಗೆ ಆಜ್ಞೆಯೇ ತಲುಪಿಲ್ಲ. ಅದು ಇಗ್ನಿಷನ್ ಸ್ವಿಚ್ ಇರಬಹುದು, ಸ್ಟಾರ್ಟರ್ ರಿಲೇ (ಸಣ್ಣ ಕರೆಂಟಿನಿಂದ ದೊಡ್ಡ ಕರೆಂಟನ್ನು ಆನ್ ಆಫ್ ಮಾಡುವ ಸ್ವಿಚ್) ಇರಬಹುದು, ಕ್ಲಚ್ ಪೆಡಲ್ ಹತ್ತಿರದ ಸಣ್ಣ ಸ್ವಿಚ್ ಇರಬಹುದು. ಆಟೋಮ್ಯಾಟಿಕ್ ಗಾಡಿಯಲ್ಲಿ ಗೇರ್ ಪಾರ್ಕ್ ಅಥವಾ ನ್ಯೂಟ್ರಲ್‌ನಲ್ಲಿದೆ ಅಂತ ಹೇಳುವ ಸ್ವಿಚ್ ಕೂಡ ಆಗಬಹುದು. ರಿಲೇ ಪರೀಕ್ಷೆ ಸುಲಭ: ಅದೇ ನಂಬರಿನ ರಿಲೇ ಹಾರ್ನ್‌ಗೋ ಬೇರೆ ಯಾವುದಕ್ಕೋ ಹಾಕಿದ್ದರೆ ಅದಲು ಬದಲು ಮಾಡಿ ನೋಡಿ. ಇನ್ನೊಂದು, ಸ್ಟಾರ್ಟ್ ಆಗಿ ಒಂದೆರಡು ಸೆಕೆಂಡಲ್ಲಿ ಆಫ್ ಆಗುವುದು, ಸರಿಯಾದ ಕೀ ಅಲ್ಲದಿದ್ದರೆ ಎಂಜಿನ್ ಓಡಲು ಬಿಡದ ಇಮ್ಮೊಬಿಲೈಸರ್‌ನ ಆಟವೂ ಆಗಬಹುದು. ಆಗ ಸಾಮಾನ್ಯವಾಗಿ ಡ್ಯಾಶ್‌ಬೋರ್ಡಿನಲ್ಲಿ ಕೀ ಚಿತ್ರದ ದೀಪ ಮಿಣುಕುತ್ತಿರುತ್ತದೆ. ಎರಡನೇ ಕೀ ಹಾಕಿ ನೋಡಿದರೆ ಅದೂ ಗೊತ್ತಾಗುತ್ತದೆ.

ನಮ್ಮ ಗಾಡಿಯಲ್ಲಿ ಆ ದೀಪ ಸುಮ್ಮನಿತ್ತು, ಬ್ಯಾಟರಿ ಚೆನ್ನಾಗಿತ್ತು. ಹಾಗಾಗಿ ಮುಂದಿನ ಹೆಜ್ಜೆ ಫ್ಯೂಸ್ ಬಾಕ್ಸ್. ಇದು ನನಗೆ ತುಂಬಾ ಇಷ್ಟವಾದ ಪರೀಕ್ಷೆ, ಯಾಕೆಂದರೆ ಏನನ್ನೂ ಬಿಚ್ಚಬೇಕಾಗಿಲ್ಲ. ಚಪ್ಪಟೆ ಫ್ಯೂಸ್‌ಗಳ ತಲೆ ಮೇಲೆ ಎರಡು ಸಣ್ಣ ಲೋಹದ ಚುಕ್ಕೆ ಕಾಣುತ್ತವಲ್ವಾ, ಅವು ಇರುವುದೇ ಮೀಟರ್ ಮುಟ್ಟಿಸಲಿಕ್ಕೆ. ಕೀ ಆನ್ ಮಾಡಿದಾಗ ಮಾತ್ರ ಕರೆಂಟ್ ಬರುವ ಒಂದು ಫ್ಯೂಸ್ ಆರಿಸಿಕೊಂಡೆ. ಮೀಟರಿನ ಕಪ್ಪು ಕಡ್ಡಿ ಬಾಡಿಯ ಒಂದು ಒಳ್ಳೆಯ ಬೋಲ್ಟಿಗೆ, ಕೆಂಪು ಕಡ್ಡಿ ಆ ಚುಕ್ಕೆಗೆ. ಬ್ಲೋವರ್ ಪೂರ್ತಿ ಜೋರಿಗೆ. ನನ್ನ ತಮ್ಮ ಡ್ರೈವರ್ ಸೀಟಿನಲ್ಲಿ ಕೂತು ಕೀ ಆನ್ ಮಾಡಿದ. ಮೀಟರ್ 9 ವೋಲ್ಟ್ ಚಿಲ್ಲರೆ ತೋರಿಸಿತು, ಅದೇ ಹೊತ್ತಿಗೆ ಬ್ಯಾಟರಿಯಲ್ಲಿ 12ಕ್ಕಿಂತ ಜಾಸ್ತಿ ಇತ್ತು. "ಅಕ್ಕಾ, ಈಗ ಅಲ್ಲಾಡಿಸಲಾ?" ಅಂದ. ಕೀಯನ್ನು ಕೂದಲೆಳೆಯಷ್ಟು ಹಿಂದಕ್ಕೆ ತಂದರೆ 12ರ ಹತ್ತಿರ ಹೋಗುತ್ತದೆ, ಬಿಟ್ಟರೆ 9, ಇನ್ನೊಂದು ಕಡೆ ಒತ್ತಿದರೆ ಸೊನ್ನೆ. ಕೀ ಅಲ್ಲಾಡಿದ ಹಾಗೆ ವೋಲ್ಟೇಜ್ ಕುಣಿಯುತ್ತಿದ್ದರೆ ತೊಂದರೆ ಕೀ ಹಿಂದೆಯೇ ಇದೆ, ಬೇರೆ ಎಲ್ಲೂ ಹುಡುಕಬೇಕಾಗಿಲ್ಲ.

ಇನ್ನು ಸ್ಟೇರಿಂಗ್ ಕೆಳಗಿನ ಪ್ಲಾಸ್ಟಿಕ್ ಕವರ್ ಬಿಚ್ಚಿ ಸ್ವಿಚ್ ಮೇಲೆಯೇ ನೇರವಾಗಿ ನೋಡುವುದು. ಬಿಚ್ಚುವ ಮುಂಚೆ ಬ್ಯಾಟರಿಯ ನೆಗೆಟಿವ್ ತೆಗೆಯಿರಿ. ಮೊದಲು ನೆಗೆಟಿವ್ವೇ, ಯಾಕೆಂದರೆ ಪಾಸಿಟಿವ್ ಬಿಚ್ಚುವಾಗ ಸ್ಪ್ಯಾನರ್ ಬಾಡಿಗೆ ತಾಗಿದರೆ ನೇರ ಶಾರ್ಟ್. ತೆಗೆದ ಮೇಲೂ ಏರ್‌ಬ್ಯಾಗ್ ಸರ್ಕ್ಯೂಟಿನಲ್ಲಿ ಸ್ವಲ್ಪ ಹೊತ್ತು ಚಾರ್ಜ್ ಉಳಿದಿರುತ್ತದೆ, ಎಷ್ಟು ಹೊತ್ತು ಕಾಯಬೇಕು ಅಂತ ನಿಮ್ಮ ಗಾಡಿಯ ಮ್ಯಾನ್ಯುಯಲ್‌ನಲ್ಲಿ ಬರೆದಿರುತ್ತದೆ, ಅಷ್ಟು ಕಾಯಲೇಬೇಕು. ಸ್ಟೇರಿಂಗ್ ಸುತ್ತ ಕಾಣುವ ಹಳದಿ ಬಣ್ಣದ ಕಪ್ಲರ್ (ವೈರ್‌ಗಳನ್ನು ಜೋಡಿಸುವ ಪ್ಲಾಸ್ಟಿಕ್ ಪ್ಲಗ್) ಮತ್ತು ವೈರ್‌ಗಳು ಏರ್‌ಬ್ಯಾಗಿನವು. ಅವಕ್ಕೆ ಮೀಟರ್ ಕಡ್ಡಿಯನ್ನಾಗಲಿ ಟೆಸ್ಟ್ ಲ್ಯಾಂಪನ್ನಾಗಲಿ ಮುಟ್ಟಿಸಬೇಡಿ. ಇದರಲ್ಲಿ ಯಾವ ರಿಯಾಯಿತಿಯೂ ಇಲ್ಲ.

ಕವರ್ ತೆಗೆದು, ಎಲ್ಲ ನೋಡಿಕೊಂಡು, ಅಳೆಯಲಿಕ್ಕೆ ಬ್ಯಾಟರಿ ಮತ್ತೆ ಕೊಟ್ಟೆ. ಈಗಿನದು ಮುಖ್ಯ ಪರೀಕ್ಷೆ. ತುಂಬಾ ಜನ ಸ್ವಿಚ್ ಕಳಚಿ ಮೀಟರನ್ನು, ದಾರಿ ಕೂಡಿದ್ದರೆ ಸದ್ದು ಮಾಡುವ ಬಜರ್‌ಗೆ ಇಟ್ಟು ಟರ್ಮಿನಲ್‌ಗಳ ನಡುವೆ ಕುಂಯ್ ಅನ್ನುತ್ತಾ ನೋಡುತ್ತಾರೆ, ಕುಂಯ್ ಅಂದರೆ ಸ್ವಿಚ್ ಸರಿ ಇದೆ ಅಂತ ತೀರ್ಮಾನ. ಅದನ್ನು ನಂಬಬೇಡಿ. ಬಜರ್ ಪರೀಕ್ಷೆಯಲ್ಲಿ ಮೀಟರ್ ಹರಿಸುವುದು ಮಿಲಿಆಂಪ್ ಲೆಕ್ಕದ ಕರೆಂಟ್. ಸುಟ್ಟ ಕಾಂಟ್ಯಾಕ್ಟಿನಲ್ಲಿ ಸೂಜಿಮೊನೆಯಷ್ಟು ಜಾಗ ತಾಗುತ್ತಿದ್ದರೂ ಅದು ದಾಟಿಬಿಡುತ್ತದೆ. ಬ್ಲೋವರ್, ಎಂಜಿನ್ ಎಲ್ಲ ಸೇರಿ ಹತ್ತಿಪ್ಪತ್ತು ಆಂಪ್ ಎಳೆದಾಗ ಅದೇ ಸೂಜಿಮೊನೆ ಕೈಕೊಡುತ್ತದೆ.

ಸರಿಯಾದ ಪರೀಕ್ಷೆ ವೋಲ್ಟೇಜ್ ಡ್ರಾಪ್, ಅಂದರೆ ಕರೆಂಟ್ ಹರಿಯುವಾಗ ಸ್ವಿಚ್ಚಿನೊಳಗೆ ಎಷ್ಟು ವೋಲ್ಟ್ ಕಳೆದುಹೋಗುತ್ತದೆ ಅಂತ ಅಳೆಯುವುದು. ಕಪ್ಲರ್ ಸಿಕ್ಕಿಸಿದ ಹಾಗೆಯೇ ಇರಲಿ. ಮೀಟರ್ ಡಿಸಿ ವೋಲ್ಟಿನಲ್ಲಿ. ವೈರ್ ಬರುವ ಹಿಂಬದಿಯಿಂದ ಕೆಂಪು ಕಡ್ಡಿಯನ್ನು ಬ್ಯಾಟರಿಯಿಂದ ಬರುವ ವೈರಿಗೆ, ಕಪ್ಪು ಕಡ್ಡಿಯನ್ನು ಸ್ವಿಚ್‌ನಿಂದ ಹೊರಗೆ ಹೋಗುವ ವೈರಿಗೆ ತಾಗಿಸಿ. ಯಾವ ವೈರ್ ಯಾವುದು ಅಂತ ವೈರಿಂಗ್ ಡಯಾಗ್ರಾಂ ನೋಡಿಕೊಳ್ಳಿ. ಜರ್ಮನ್ ಗಾಡಿಗಳಲ್ಲಿ 30 ಅಂದರೆ ಬ್ಯಾಟರಿ, 15 ಅಂದರೆ ಕೀ ಆನ್, 50 ಅಂದರೆ ಸ್ಟಾರ್ಟರ್. ಹಲವು ಜಪಾನಿ ಗಾಡಿಗಳಲ್ಲಿ ಐಜಿ1, ಐಜಿ2 (ಕೀ ಆನ್), ಎಸ್‌ಟಿ (ಸ್ಟಾರ್ಟರ್) ಅಂತ ಇರುತ್ತದೆ. ಬ್ಯಾಟರಿಯಿಂದ ಬರುವ ವೈರಿನಲ್ಲಿ ಕೀ ತೆಗೆದರೂ ಕರೆಂಟ್ ಇರುತ್ತದೆ, ಕಡ್ಡಿ ಜಾರಿ ಬಾಡಿಗೆ ತಾಗದ ಹಾಗೆ ಎಚ್ಚರ. ಈಗ ಕೀ ಆನ್, ಬ್ಲೋವರ್ ಜೋರು. ಒಳ್ಳೆಯ ಸ್ವಿಚ್ ಆದರೆ ಮೀಟರ್ 0.2, ಹೆಚ್ಚೆಂದರೆ 0.3 ವೋಲ್ಟ್ ತೋರಿಸಬೇಕು. ನಮ್ಮದು 2 ದಾಟಿ ಮೇಲೆ ಕೆಳಗೆ ಓಡಾಡುತ್ತಿತ್ತು.

2 ವೋಲ್ಟ್ ಅಂದರೆ ಏನು ಮಹಾ ಅನ್ನಿಸಬಹುದು. ಲೆಕ್ಕ ಹಾಕಿ. 10 ಆಂಪ್ ಹರಿಯುವಾಗ 2 ವೋಲ್ಟ್ ಸ್ವಿಚ್ಚಿನೊಳಗೇ ಉಳಿದರೆ 20 ವಾಟ್ ಶಾಖ. ಸಣ್ಣ ಸೋಲ್ಡರಿಂಗ್ ಐರನ್ನಿನಷ್ಟು ಬಿಸಿಯನ್ನು ಒಂದು ಪ್ಲಾಸ್ಟಿಕ್ ಡಬ್ಬಿಯೊಳಗೆ ಇಟ್ಟ ಹಾಗೆ. ಕೀ ಹಾಕುವ ಜಾಗ ಯಾಕೆ ಬೆಚ್ಚಗಿತ್ತು ಅಂತ ಆಗ ಅರ್ಥವಾಯಿತು.

ಬದಲಿಸುವ ಕೆಲಸ ಪತ್ತೆ ಹಚ್ಚುವುದಕ್ಕಿಂತ ಸುಲಭ. ಮತ್ತೆ ನೆಗೆಟಿವ್ ತೆಗೆದು, ಕಾದು, ಕಪ್ಲರ್ ಲಾಕ್ ಒತ್ತಿ ಎಳೆದೆ. ವೈರ್ ಹಿಡಿದು ಎಳೆಯಬಾರದು. ಸ್ವಿಚ್ಚನ್ನು ಹಿಡಿದಿದ್ದು ಎರಡು ಸಣ್ಣ ಸ್ಟಾರ್ ಸ್ಕ್ರೂ. ಕೈ ಹೋಗದ ಜಾಗ, ಹಾಗಾಗಿ ಗಿಡ್ಡ ಸ್ಕ್ರೂಡ್ರೈವರ್ ಬೇಕು, ತುದಿ ಸರಿಯಾದ ಅಳತೆಯದ್ದೇ ಇರಬೇಕು. ಇಲ್ಲದಿದ್ದರೆ ತಲೆ ಸವೆದು ಕೆಲಸ ದಿನಗಟ್ಟಲೆ ಎಳೆಯುತ್ತದೆ. ಸ್ಟೇರಿಂಗ್ ಚಕ್ರ ಬಿಚ್ಚುವ ಅಗತ್ಯ ಬರಲಿಲ್ಲ. ಬಹುತೇಕ ಗಾಡಿಗಳಲ್ಲಿ ಬರುವುದಿಲ್ಲ.

ಈ ಹಂತದಲ್ಲಿ ಒಂದು ನಿಮಿಷ ನಿಂತು ಕಪ್ಲರ್ ಬಾಯಿಯನ್ನು ಬೆಳಕಿಗೆ ಹಿಡಿದು ನೋಡಿ. ದಯವಿಟ್ಟು ಇದನ್ನು ಬಿಡಬೇಡಿ. ನಮ್ಮದರಲ್ಲಿ ಪಿನ್ ತೂರುವ ಉಳಿದೆಲ್ಲ ಗುಂಡಿಗಳೂ ಬೆಳ್ಳಗಿದ್ದವು, ಒಂದರ ಸುತ್ತ ಮಾತ್ರ ಪ್ಲಾಸ್ಟಿಕ್ ಕಂದು ಬಣ್ಣಕ್ಕೆ ತಿರುಗಿ ಅಂಚು ಸ್ವಲ್ಪ ಕರಗಿತ್ತು. ಒಳಗಿನ ಹಿತ್ತಾಳೆ ಟರ್ಮಿನಲ್ ತನ್ನ ಹೊಳಪು ಕಳೆದುಕೊಂಡು ನೇರಳೆಗಪ್ಪು ಆಗಿತ್ತು, ಹಳೇ ಸ್ವಿಚ್ಚಿನ ಪಿನ್ ತೂರಿಸಿದರೆ ಬಿಗಿ ಹಿಡಿತವೇ ಇಲ್ಲ, ಸಲೀಸಾಗಿ ಒಳಗೆ ಹೊರಗೆ ಆಡುತ್ತಿತ್ತು. ಬಿಸಿ ತಿಂದ ಹಿತ್ತಾಳೆಗೆ ಸ್ಪ್ರಿಂಗ್ ಗುಣ ಹೋಗಿಬಿಡುತ್ತದೆ. ಇದಕ್ಕೆ ಹೊಸ ಸ್ವಿಚ್ ಸಿಕ್ಕಿಸಿದ್ದರೆ ಅದೂ ಅದೇ ಜಾಗದಲ್ಲಿ ಸುಡುತ್ತಿತ್ತು. ಆ ಟರ್ಮಿನಲ್ಲನ್ನು ಕತ್ತರಿಸಿ, ಅದೇ ದಪ್ಪದ ವೈರಿನ ತುಂಡಿನೊಂದಿಗೆ ಹೊಸ ಟರ್ಮಿನಲ್ ಕ್ರಿಂಪ್ ಮಾಡಿ (ಇಕ್ಕಳದಿಂದ ಒತ್ತಿ ಬಿಗಿದು), ಜೋಡಣೆಗೆ ಹೀಟ್ ಶ್ರಿಂಕ್ (ಬಿಸಿ ಮಾಡಿದರೆ ಕುಗ್ಗಿ ಹಿಡಿಯುವ ಕೊಳವೆ) ಹಾಕಿದ ಮೇಲೆಯೇ ಮುಂದುವರಿದೆ. ಕಪ್ಲರ್ ಜಾಸ್ತಿ ಕರಗಿದ್ದರೆ ವೈರ್ ಸಮೇತ ಇಡೀ ಕಪ್ಲರ್ ಬದಲಿಸಬೇಕು.

ಹೊಸ ಸ್ವಿಚ್ ಕೂರಿಸುವಾಗ ಕೀ ಯಾವ ಜಾಗದಲ್ಲಿದೆಯೋ ಸ್ವಿಚ್ಚಿನೊಳಗಿನ ತಿರುಗುವ ಭಾಗವೂ ಅದೇ ಜಾಗದಲ್ಲಿರಬೇಕು. ಯಾವ ಜಾಗ ಅಂತ ಮ್ಯಾನ್ಯುಯಲ್ ಹೇಳುತ್ತದೆ. ಹೊಂದಿದರೆ ಒತ್ತಡವಿಲ್ಲದೆ ಕೂರುತ್ತದೆ. ಬಲ ಹಾಕಬೇಕು ಅನ್ನಿಸಿದರೆ ಹೊಂದಿಲ್ಲ ಅಂತಲೇ ಅರ್ಥ. ಬರೀ ಸ್ವಿಚ್ ಬದಲಿಸಿದರೆ ಬೀಗ ಹಳೆಯದೇ, ಕೀ ಹಳೆಯದೇ, ಇಮ್ಮೊಬಿಲೈಸರ್‌ಗೆ ಏನೂ ಆಗುವುದಿಲ್ಲ. ಬೀಗವೇ ಸವೆದು ಕೀ ಸಿಕ್ಕಿಕೊಳ್ಳುತ್ತಿದ್ದರೆ ಅದು ಬೇರೆ ಕೆಲಸ. ಹಲವು ಗಾಡಿಗಳಲ್ಲಿ ಬೀಗದ ಮನೆಯನ್ನು ತಲೆ ಮುರಿದ ಬೋಲ್ಟ್‌ಗಳಿಂದ ಕೂರಿಸಿರುತ್ತಾರೆ, ಕಳ್ಳರು ಬಿಚ್ಚಬಾರದು ಅಂತ. ಅದನ್ನು ಡ್ರಿಲ್ ಮಾಡಿ ತೆಗೆಯಬೇಕು. ಅಲ್ಲಿಗೆ ಬಂದರೆ ನಾನಾದರೆ ಮೆಕ್ಯಾನಿಕ್ ಹತ್ತಿರವೇ ಹೋಗುತ್ತೇನೆ.

ಹಾಕಿದ ಮೇಲೆ ಪರೀಕ್ಷೆ ಅವಸರದಲ್ಲಿ ಮುಗಿಸಬೇಡಿ. ಏರ್‌ಬ್ಯಾಗ್ ದೀಪ ಕೀ ಆನ್ ಮಾಡಿದಾಗ ಉರಿದು ಕೆಲವೇ ಸೆಕೆಂಡಲ್ಲಿ ಆರಬೇಕು. ಕೀ ಬಿಟ್ಟ ಕೂಡಲೇ ಸ್ಟಾರ್ಟರ್ ನಿಲ್ಲಬೇಕು. ವೈಪರ್, ಬ್ಲೋವರ್, ಇಂಡಿಕೇಟರ್ ಎಲ್ಲ ನೋಡಿ. ಕೀ ಸಲೀಸಾಗಿ ಹೊರಗೆ ಬಂದು ಸ್ಟೇರಿಂಗ್ ಲಾಕ್ ಆಗಬೇಕು. ಆಮೇಲೆ ಅದೇ ವೋಲ್ಟೇಜ್ ಡ್ರಾಪ್ ಇನ್ನೊಮ್ಮೆ ಅಳೆಯಿರಿ. ಹೊಸದರಲ್ಲಿ ನನಗೆ 0.1ರ ಆಸುಪಾಸು ಬಂತು.

ಇಷ್ಟು ಚಿಕ್ಕ ಪಾರ್ಟಿಗೆ ಇಷ್ಟು ಯಾಕೆ ಅಂತ ಕೇಳುವವರಿಗೆ ಜನರಲ್ ಮೋಟಾರ್ಸ್ ಪ್ರಕರಣ ನೆನಪಿಸುತ್ತೇನೆ. 2014ರಲ್ಲಿ ಆ ಕಂಪನಿ ಶೆವ್ರೊಲೆ ಕೋಬಾಲ್ಟ್, ಸ್ಯಾಟರ್ನ್ ಅಯಾನ್ ಸೇರಿ ಸುಮಾರು 26 ಲಕ್ಷ ಕಾರುಗಳನ್ನು ಇಗ್ನಿಷನ್ ಸ್ವಿಚ್ಚಿಗಾಗಿಯೇ ವಾಪಸ್ ಕರೆಸಬೇಕಾಯಿತು. ಅಲ್ಲಿ ಸುಟ್ಟ ಕಾಂಟ್ಯಾಕ್ಟ್ ಅಲ್ಲ, ಕೀಯನ್ನು ಆನ್ ಜಾಗದಲ್ಲಿ ಹಿಡಿದಿಡುವ ಬಿಗಿ ಸಾಲದಾಗಿತ್ತು. ಭಾರದ ಕೀ ಗೊಂಚಲು ಜಗ್ಗಿದರೆ, ಗಾಡಿ ಕುಲುಕಿದರೆ ಕೀ ಎಸಿಸಿಗೆ ಜಾರುತ್ತಿತ್ತು. ಎಂಜಿನ್ ಆಫ್, ಪವರ್ ಸ್ಟೇರಿಂಗ್ ಇಲ್ಲ, ಡಿಕ್ಕಿಯಾದರೆ ಏರ್‌ಬ್ಯಾಗ್ ಬಿಚ್ಚಿಕೊಳ್ಳುವುದೂ ಇಲ್ಲ. ಕಂಪನಿಯ ಪರಿಹಾರ ನಿಧಿಯೇ 124 ಸಾವುಗಳನ್ನು ಒಪ್ಪಿಕೊಂಡಿತು. ಇದನ್ನು ಓದಿದ ಮೇಲೆ ಓಡುವಾಗ ದೀಪ ಮಿನುಗುವ ಗಾಡಿಯನ್ನು ಆಮೇಲೆ ನೋಡೋಣ ಅಂತ ಬಿಡಲು ನನಗಂತೂ ಮನಸ್ಸಾಗುವುದಿಲ್ಲ.

ರಿಪೇರಿಗೆ ಮುಂಚೆಯೇ ಓಡುತ್ತಿರುವಾಗ ಎಂಜಿನ್ ನಿಂತುಬಿಟ್ಟರೆ ಕೀಯನ್ನು ಲಾಕ್ ಕಡೆ ಮಾತ್ರ ತಿರುಗಿಸಬೇಡಿ, ಸ್ಟೇರಿಂಗ್ ಬೀಗ ಬಿದ್ದುಬಿಡಬಹುದು. ಬ್ರೇಕ್ ಒತ್ತಲು ನೆರವಾಗುವ ಬ್ರೇಕ್ ಬೂಸ್ಟರಿನಲ್ಲಿ ಒಂದೆರಡು ಸಲಕ್ಕೆ ಆಗುವಷ್ಟು ನಿರ್ವಾತ ಉಳಿದಿರುತ್ತದೆ, ಹಾಗಾಗಿ ಪೆಡಲ್ಲನ್ನು ಪಂಪ್ ಮಾಡದೆ ಒಂದೇ ಸಮನೆ ಒತ್ತಿ ಹಿಡಿಯಿರಿ. ಸ್ಟೇರಿಂಗ್ ಬಿಗಿಯಾಗುತ್ತದೆ, ಬಲ ಹಾಕಿದರೆ ತಿರುಗುತ್ತದೆ. ಹಜಾರ್ಡ್ ಲೈಟ್ ಕೀ ಇಲ್ಲದೆಯೂ ಉರಿಯುತ್ತದೆ, ಹಾಕಿ, ಪಕ್ಕಕ್ಕೆ ತನ್ನಿ.

ಹೊಸ ಸ್ವಿಚ್ ಬಾಳಬೇಕಾದರೆ ಕೀ ಗೊಂಚಲಿನಿಂದ ಮನೆ ಕೀಗಳನ್ನೆಲ್ಲ ಕಳಚಿಡಿ. ಬೀಗದೊಳಗೆ ಎಣ್ಣೆ ಬಿಡಬೇಡಿ, ಅದು ಧೂಳು ಹಿಡಿದು ಅಂಟಾಗುತ್ತದೆ. ಬೇಕಿದ್ದರೆ ಗ್ರಾಫೈಟ್ ಪುಡಿ ಸಾಕು. ಹೊರಗಿನಿಂದ ಹಾಕಿಸಿದ ಲೈಟು, ಆಂಪ್ಲಿಫೈಯರ್ ಏನಾದರೂ ಕೀ ವೈರಿನಿಂದಲೇ ಕರೆಂಟ್ ಎಳೆಯುತ್ತಿದ್ದರೆ ಅದನ್ನು ರಿಲೇ ಮೂಲಕ ನೇರವಾಗಿ ಬ್ಯಾಟರಿಗೆ ಕೊಡಿಸಿ, ಮಧ್ಯೆ ಬ್ಯಾಟರಿ ಹತ್ತಿರವೇ ಒಂದು ಫ್ಯೂಸ್ ಇರಲಿ. ನಮ್ಮ ಗಾಡಿಯಲ್ಲಿ ಹಿಂದಿನ ಮಾಲೀಕರು ಹಾಕಿಸಿದ್ದ ಫಾಗ್ ಲ್ಯಾಂಪ್ ಜೋಡಿಯ ವೈರ್ ಹಿಡಿದು ಹೋದರೆ ಅದು ಸೇರಿದ್ದು ಆ ಕಂದು ಬಣ್ಣಕ್ಕೆ ತಿರುಗಿದ್ದ ಗುಂಡಿಯ ವೈರಿಗೇ. ಅದನ್ನು ಕಿತ್ತು ರಿಲೇ ಹಾಕಿದ ಮೇಲೆ ಎಷ್ಟು ದೂರ ಓಡಿಸಿದರೂ ಕೀ ಜಾಗ ಬಿಸಿಯಾಗಿಲ್ಲ.