ಡ್ರಿಲ್ ಮಾಷ್ಟ್ರು ಮತ್ತು ಜಿಮ್ಮಿ ಜಾರ್ಜ್

ನಮ್ಮ ಬ್ಯಾಚಿನ ಯಾರನ್ನೇ ಹಿಡಿದು ನಿಲ್ಲಿಸಿ, ಹತ್ತನೆಯ ತರಗತಿಯಲ್ಲಿ ಯಾವ ಪಾಠಗಳಿದ್ದವು ಎಂದು ಕೇಳಿದರೆ ಉತ್ತರ ಬರುವುದಿಲ್ಲ. ಪೇರಾವೂರು ಎಲ್ಲಿದೆ ಎಂದು ಕೇಳಿ ನೋಡಿ, ಎಲ್ಲರೂ ಒಟ್ಟಿಗೆ ಹೇಳುತ್ತಾರೆ. ಕಾಸರಗೋಡಿನ ಕನ್ನಡ ಶಾಲೆಯ ಮಕ್ಕಳಾದ ನಮಗೆ ಕಣ್ಣೂರಿನ ಗುಡ್ಡಗಳ ನಡುವಿನ ಆ ಊರನ್ನು, ವಾಲಿಬಾಲ್ ಆಟಗಾರ ಜಿಮ್ಮಿ ಜಾರ್ಜ್‌ನ ಊರನ್ನು, ತೋರಿಸಿಕೊಟ್ಟವರು ನಮ್ಮ ಡ್ರಿಲ್ ಮಾಷ್ಟ್ರು. ಕಳೆದ ಮಳೆಗಾಲದಲ್ಲಿ ಅವರು ತೀರಿಕೊಂಡರು. ಸಂಚಿಕೆಗೆ ಏನಾದರೂ ಬರೆಯಿರಿ ಎಂದು ಈಗಿನ ಹೆಡ್ಮಾಷ್ಟ್ರು ಫೋನ್ ಮಾಡಿದಾಗ ಬೇರೆ ವಿಷಯ ಹುಡುಕಬೇಕಾಗಿ ಬರಲಿಲ್ಲ.

ಅವರು ಇರಿಟ್ಟಿ ಕಡೆಯವರು. ಮಾಕುಟ್ಟದ ಘಾಟಿ ಹತ್ತಿದರೆ ಅತ್ತ ವಿರಾಜಪೇಟೆ, ಇಳಿದರೆ ಇತ್ತ ಅವರ ಊರು. ಕನ್ನಡವನ್ನು ನಮ್ಮಲ್ಲಿಗೆ ಬಂದ ಮೇಲೆ ಕಲಿತವರು. ‘ಮಕ್ಕಳೇ, ಕಾಲು ಮೊದಲು, ಕೈ ಆಮೇಲೆ’ ಎನ್ನುವಾಗ ಮಲೆಯಾಳದ ರಾಗ ಸೇರಿಕೊಳ್ಳುತ್ತಿತ್ತು. ಮೈದಾನದ ಬದಿಯ ಮುರಕಲ್ಲಿನ ಗೋಡೆಯ ಮೇಲೆ ಸುಣ್ಣದಲ್ಲಿ ಒಂದು ಗೆರೆ ಎಳೆದಿದ್ದರು. ನೆಲದಿಂದ ಸರಿಯಾಗಿ 2.43 ಮೀಟರ್, ಗಂಡಸರ ವಾಲಿಬಾಲ್ ನೆಟ್ಟಿನ ಎತ್ತರ. ಬೆರಳಿಗೆ ಚಾಕ್‌ಪುಡಿ ಹಚ್ಚಿಕೊಂಡು ಹಾರಬೇಕು, ಗೋಡೆಯಲ್ಲಿ ಗುರುತು ಮೂಡಬೇಕು. ‘ಗೆರೆಯವರೆಗೆ ಎಲ್ಲರದ್ದು. ಅಲ್ಲಿಂದ ಮೇಲಕ್ಕೆ ಎಷ್ಟು ಬರ್ತದೋ ಅದು ನಿನ್ನದು’ ಎನ್ನುತ್ತಿದ್ದರು. ಏಳನೆಯ ತರಗತಿಯ ಪುಟ್ಟ ಮಕ್ಕಳು ಕೂಡ ಆ ಗೆರೆಯನ್ನು ನೋಡಿಕೊಂಡು ಹಾರುತ್ತಿದ್ದರು. ನಮ್ಮ ಬ್ಯಾಚಿನಲ್ಲಿ ಅತಿ ಎತ್ತರದ ಗುರುತು ನನ್ನದು. ಮುಂದೆ ಸುಣ್ಣ ಬಳಿಯುವವರೆಗೂ ಅದು ಹಾಗೇ ಇತ್ತು.

ಅವರ ಜೊತೆ ನೆನಪಾಗುವ ಇನ್ನೊಬ್ಬರು ಕನ್ನಡ ಪಂಡಿತರು. ತಾಳಮದ್ದಳೆಯ ಅರ್ಥಧಾರಿ, ಕೃಷ್ಣನ ಪಾತ್ರಕ್ಕೆ ಹೆಸರಾದವರು. ಕೈಗೆ ಗಡಿಯಾರ ಕಟ್ಟುತ್ತಿರಲಿಲ್ಲ. 1986ರ ಸೆಪ್ಟೆಂಬರಿನಲ್ಲಿ ಸಿಯೋಲ್ ಏಷ್ಯಾಡ್ ನಡೆಯುತ್ತಿತ್ತು. ಇತ್ತ ಉಪಜಿಲ್ಲೆಯ ಪಂದ್ಯಕ್ಕೆ ತಂಡ ಆರಿಸುವ ದಿನ ಹತ್ತಿರವಾಗಿತ್ತು. ನಾವು ಮೈದಾನಕ್ಕೆ ಹೋಗುವಷ್ಟರಲ್ಲಿ ದೊಡ್ಡ ಹುಡುಗರು ಅಂಕಣ ಹಿಡಿದಿರುತ್ತಿದ್ದರು. ಅದಕ್ಕೆ ನಮ್ಮ ಗುಂಪು ಒಂದು ಉಪಾಯ ಮಾಡಿತು. ಮಾವಿನ ಮರಕ್ಕೆ ನೇತುಹಾಕಿದ್ದ ರೈಲುಕಂಬಿಯ ತುಂಡೇ ನಮ್ಮ ಗಂಟೆ. ಪಂಡಿತರು ಪಂಪನ ಕರ್ಣನನ್ನು ವರ್ಣಿಸುತ್ತ ಮೈಮರೆತಿದ್ದಾಗ, ನೀರು ಕುಡಿಯಲು ಹೋದ ನಮ್ಮವನೊಬ್ಬ ಹೊತ್ತಿಗೆ ಮುಂಚೆಯೇ ಢಣಢಣ ಬಾರಿಸಿಬಿಟ್ಟ. ಇಡೀ ಶಾಲೆ ಹೊರಗೆ ಬಂತು. ಪಂಡಿತರು ಅಂಗಳಕ್ಕಿಳಿದು ಧ್ವಜಸ್ತಂಭದ ನೆರಳನ್ನೊಮ್ಮೆ ನೋಡಿದರು. ‘ಗಂಟೆ ತಪ್ಪಬಹುದು, ಸೂರ್ಯ ತಪ್ಪಲಾರ. ಕರ್ಣನಿನ್ನೂ ಸತ್ತಿಲ್ಲ, ಒಳಗೆ ನಡೆಯಿರಿ’ ಎಂದರು! ತರಗತಿ ತರಗತಿಯೇ ನಗುತ್ತ ಹಿಂದೆ ಹೋಯಿತು. ಡ್ರಿಲ್ ಮಾಷ್ಟ್ರು ದೂರದಿಂದಲೇ ಎಲ್ಲ ನೋಡಿದ್ದರು. ಸಂಜೆ ನಮ್ಮನ್ನು ಸಾಲಾಗಿ ನಿಲ್ಲಿಸಿ, ‘ಗಂಟೆ ಹೊಡೆದ ಕೈಗೆ ಬಲ ಉಂಟು. ಸರ್ವಿಸ್ ಹಾಕು ನೋಡುವ’ ಎಂದು ಅವನ ಕೈಗೇ ಚೆಂಡು ಕೊಟ್ಟರು. ಕತ್ತಲಾಗುವವರೆಗೆ ಸರ್ವಿಸ್ ಮಾಡಿಸಿದರು. ಅವನು ನಮ್ಮ ತಂಡದ ಅತ್ಯುತ್ತಮ ಸರ್ವರ್ ಆದದ್ದು ಹೀಗೆ.

ಆ ಏಷ್ಯಾಡಿನಲ್ಲಿ ಭಾರತದ ಗಂಡಸರ ವಾಲಿಬಾಲ್ ತಂಡಕ್ಕೆ ಕಂಚು ಬಂತು. ಚೀನಾ, ಕೊರಿಯಾ, ಮೂರನೆಯದಾಗಿ ನಾವು. ಜಪಾನಿನಂಥ ಜಪಾನ್ ನಮ್ಮ ಹಿಂದೆ. ನಾಯಕ ಸಿರಿಲ್ ವಳ್ಳೂರ್, ಜೊತೆಗೆ ಉದಯಕುಮಾರ್, ಅಬ್ದುಲ್ ಬಾಸಿತ್, ಜಿಮ್ಮಿ ಜಾರ್ಜ್. ಇಂದು ಬ್ಯಾಡ್ಮಿಂಟನ್ ಆಡುವ ಪಿ.ವಿ. ಸಿಂಧು ಅವರ ತಂದೆ ರಮಣ ಕೂಡ ಆ ತಂಡದಲ್ಲಿದ್ದರು. ಅದಾದ ಮೇಲೆ ಏಷ್ಯನ್ ಗೇಮ್ಸ್‌ನಲ್ಲಿ ಭಾರತದ ವಾಲಿಬಾಲಿಗೆ ಪದಕವೇ ಬಂದಿಲ್ಲ. ಮಾಷ್ಟ್ರು ಅಂದು ತಮ್ಮ ಸ್ವಂತ ದುಡ್ಡಿನಿಂದ ಎಲ್ಲರಿಗೂ ಗೋಳಿಬಜೆ ಕೊಡಿಸಿದರು.

ಮರುವರ್ಷ ನವೆಂಬರಿನಲ್ಲಿ ಊರಿಗೆ ಊರೇ ಕ್ರಿಕೆಟ್ ವಿಶ್ವಕಪ್ಪಿನ ಮಾತಾಡುತ್ತಿತ್ತು. ಸೆಮಿಫೈನಲಿನಲ್ಲಿ ಇಂಗ್ಲೆಂಡಿನೆದುರು ಸೋತ ದುಃಖ ಇನ್ನೂ ಆರಿರಲಿಲ್ಲ. ಡಿಸೆಂಬರಿನ ಮೊದಲಲ್ಲಿ ಒಂದು ದಿನ ಮಾಷ್ಟ್ರು ಮಲೆಯಾಳ ಪತ್ರಿಕೆ ಹಿಡಿದು ಮೈದಾನಕ್ಕೆ ಬಂದರು. ನೆಟ್ ಕಟ್ಟಿಸಲಿಲ್ಲ, ಸೀಟಿ ಊದಲಿಲ್ಲ. ಡ್ರಿಲ್ ಪೀರಿಯಡಿನಲ್ಲಿ ಅವರು ಕುಳಿತದ್ದನ್ನು ನಾವು ನೋಡಿದ್ದು ಅಂದೇ. ನವೆಂಬರ್ 30ರಂದು ಇಟಲಿಯಲ್ಲಿ ಕಾರು ಅಪಘಾತದಲ್ಲಿ ಜಿಮ್ಮಿ ಜಾರ್ಜ್ ತೀರಿಕೊಂಡಿದ್ದ. ಅವನಿಗೆ 32 ವರ್ಷ.

ಮಾಷ್ಟ್ರು ಅಂದು ಹೇಳಿದ ಕತೆ ನನಗೆ ಪೂರ್ತಿ ನೆನಪಿದೆ. ಪೇರಾವೂರಿನ ಮನೆಯಲ್ಲಿ ಎಂಟು ಮಂದಿ ಅಣ್ಣತಮ್ಮಂದಿರು, ಎಲ್ಲರೂ ವಾಲಿಬಾಲ್ ಆಡುವವರು. ಜಿಮ್ಮಿ ಹುಟ್ಟಿದ್ದು 1955ರ ಮಾರ್ಚ್ 8ರಂದು. ಹದಿನಾರಕ್ಕೇ ಕೇರಳ ತಂಡ, ಆಮೇಲೆ ಯೂನಿವರ್ಸಿಟಿ ತಂಡಗಳು, 1974ರಲ್ಲಿ ತೆಹರಾನ್ ಏಷ್ಯಾಡ್, 1976ರಲ್ಲಿ ಕೇರಳ ಪೊಲೀಸಿನಲ್ಲಿ ಕೆಲಸ, ಅದೇ ವರ್ಷ ಇಪ್ಪತ್ತೊಂದನೆಯ ವಯಸ್ಸಿಗೆ ಅರ್ಜುನ ಪ್ರಶಸ್ತಿ. 1978ರಲ್ಲಿ ಬ್ಯಾಂಕಾಕ್. 1979ರಲ್ಲಿ ಅಬುಧಾಬಿ ಸ್ಪೋರ್ಟ್ಸ್ ಕ್ಲಬ್ ಅವನನ್ನು ಕರೆಸಿಕೊಂಡಿತು. 1982ರಲ್ಲಿ ಇಟಲಿಗೆ ಹೋದ. ಜಗತ್ತಿನ ದೊಡ್ಡ ದೊಡ್ಡ ಆಟಗಾರರು ದುಡ್ಡಿಗೆ ಆಡುವ ಜಾಗ ಅದು. ನಮ್ಮ ದೇಶದಿಂದ ಅಲ್ಲಿಗೆ ಹೋಗಿ ವೃತ್ತಿಪರನಾಗಿ ಆಡಿದವರಲ್ಲಿ ಅವನೇ ಮೊದಲಿಗ. ‘ಎಲ್ಲರೂ ಹಾರ್ತಾರೆ, ಎಲ್ಲರೂ ಇಳೀತಾರೆ. ಬ್ಲಾಕಿಗೆ ಹಾರಿದವರು ಇಳಿದ ಮೇಲೂ ಜಿಮ್ಮಿ ಮೇಲೆಯೇ ಇರ್ತಿದ್ದ’ ಎಂದರು ಮಾಷ್ಟ್ರು. ಕಣ್ಣೂರಿನಲ್ಲಿ ಅಡಕೆಮರದ ಗ್ಯಾಲರಿ ಕಟ್ಟಿ, ಲೈಟು ಹಾಕಿ ರಾತ್ರಿಯಿಡೀ ನಡೆಸುವ ಟೂರ್ನಮೆಂಟುಗಳಲ್ಲಿ ಅವನ ಸ್ಮ್ಯಾಶ್ ನೋಡಿ ಬೆಳೆದವರು ಅವರು. ಗ್ಯಾಲರಿಯ ಕೊನೆಯ ಮೆಟ್ಟಿಲಲ್ಲಿ ಕುಳಿತವರಿಗೂ ಚೆಂಡು ನೆಲಕ್ಕೆ ಬಡಿದ ಸದ್ದು ಕೇಳುತ್ತಿತ್ತಂತೆ.

ಅವರು ಹೇಳಿದ ಒಂದು ಮಾತು ನನ್ನೊಳಗೆ ಕೆಲಸ ಮಾಡುತ್ತಲೇ ಬಂದಿದೆ. ‘ಅವನ ಊರಿಗೂ ನಿಮ್ಮ ಊರಿಗೂ ಎಂತ ವ್ಯತ್ಯಾಸ ಮಕ್ಕಳೇ? ಅಲ್ಲಿಯೂ ರಬ್ಬರು, ಅಡಕೆ, ಮಳೆ. ಮೊನ್ನೆ ಮೊನ್ನೆಯವರೆಗೆ ಜಿಲ್ಲೆಯೂ ಒಂದೇ.’ ಅದು ನಿಜ. 1984ರಲ್ಲಿ ಕಾಸರಗೋಡು ಬೇರೆ ಜಿಲ್ಲೆಯಾಗುವವರೆಗೆ ನಾವೂ ಕಣ್ಣೂರಿನವರೇ. ಕೇರಳದಲ್ಲಿ ಕನ್ನಡ ಓದುವ ಮಕ್ಕಳಿಗೆ ನಾವು ಅತ್ತಲೂ ಅಲ್ಲ, ಇತ್ತಲೂ ಅಲ್ಲ ಎಂಬ ಒಂದು ಸಂಕೋಚ ಇದ್ದೇ ಇರುತ್ತದೆ. ಅದನ್ನು ನಮ್ಮ ಮನಸ್ಸಿನಿಂದ ತೆಗೆದವರು ಈ ಮಲೆಯಾಳಿ ಮಾಷ್ಟ್ರು.

ಕಾಲೇಜಿನಲ್ಲಿ ನಾನು ತಂಡದ ನಾಯಕನಾದೆ. ಕೆಲಸಕ್ಕೆಂದು ಅಬುಧಾಬಿಗೆ ಹೋದಾಗ ಅಲ್ಲಿ ನಮ್ಮ ಕಂಪೆನಿಗೆ ಮೊದಲ ವಾಲಿಬಾಲ್ ತಂಡ ಕಟ್ಟಿದವನೂ ನಾನೇ ಎಂದು ಹೆಮ್ಮೆಯಿಂದ ಹೇಳಿಕೊಳ್ಳುತ್ತೇನೆ. ಅಲ್ಲಿನ ಕೇರಳ ಸೋಷಿಯಲ್ ಸೆಂಟರಿನವರು ಜಿಮ್ಮಿಯ ಹೆಸರಿನಲ್ಲಿ ಟೂರ್ನಮೆಂಟು ನಡೆಸುತ್ತಾರೆ. ಅದನ್ನು ಮೊದಲ ಸಲ ನೋಡಿದ ರಾತ್ರಿಯೇ ಮಾಷ್ಟ್ರಿಗೆ ಉದ್ದ ಕಾಗದ ಬರೆದೆ. ‘ನೀನು ಲಿಫ್ಟ್ ಸರಿಯಾಗಿ ಕೊಡ್ತೀಯೋ ಇಲ್ಲವೋ, ಅದನ್ನು ಬರೆದಿಲ್ಲ’ ಎಂದು ಉತ್ತರ ಬಂತು. ಲಿಫ್ಟ್ ಎಂದರೆ ಸ್ಮ್ಯಾಶ್ ಹೊಡೆಯುವವನಿಗೆ ಚೆಂಡು ಎತ್ತಿಕೊಡುವುದು. 2003ರಲ್ಲಿ ಅಂಜು ಬಾಬಿ ಜಾರ್ಜ್ ಪ್ಯಾರಿಸ್‌ನ ವಿಶ್ವ ಅಥ್ಲೆಟಿಕ್ಸ್‌ನಲ್ಲಿ ಉದ್ದಜಿಗಿತದಲ್ಲಿ 6.70 ಮೀಟರ್ ಹಾರಿ ಕಂಚು ಗೆದ್ದಾಗ ಮಾಷ್ಟ್ರೇ ಫೋನ್ ಮಾಡಿದರು. ಅಂಜುವಿನ ಗಂಡ, ಕೋಚ್ ಕೂಡ ಆದ ಬಾಬಿ, ಜಿಮ್ಮಿಯ ತಮ್ಮ. ‘ನೋಡು ಮಾರಾಯ, ಆ ಮನೆಯವರು ಇನ್ನೂ ಹಾರ್ತಾ ಇದ್ದಾರೆ’ ಎಂದು ಚಿಕ್ಕ ಹುಡುಗನ ಹಾಗೆ ನಕ್ಕರು. ಇಟಲಿಯ ಮೊಂಟಿಕಿಯಾರಿ ಎಂಬ ಊರಿನ ದೊಡ್ಡ ಒಳಾಂಗಣ ಕ್ರೀಡಾಂಗಣಕ್ಕೆ ‘ಪಾಲಾಜಾರ್ಜ್’ ಎಂದು ಅವನ ಹೆಸರನ್ನೇ ಇಟ್ಟಿದ್ದಾರೆ ಎಂಬುದನ್ನು ನಾನು ಅವರಿಗೆ ಹೇಳಿದೆ. ತಿರುವನಂತಪುರದಲ್ಲಿ ಅವನ ಹೆಸರಿನ ಸ್ಟೇಡಿಯಂ ಇರುವುದು ಅವರಿಗೆ ಗೊತ್ತಿತ್ತು. ಇಟಲಿಯದ್ದು ಕೇಳಿ ಮಾತೇ ಹೊರಡಲಿಲ್ಲ.

ಈಗಿನ ಶಾಲೆಗಳ ಬಗ್ಗೆ ಒಂದು ಮಾತು ಹೇಳಲೇಬೇಕು. ಎಸ್ಸೆಸ್ಸೆಲ್ಸಿ ಮಕ್ಕಳಿಗೆ ಜೂನಿನಲ್ಲೇ ಆಟದ ಪೀರಿಯಡನ್ನು ಸ್ಪೆಷಲ್ ಕ್ಲಾಸಿಗೆ ಕೊಟ್ಟುಬಿಡುತ್ತಾರೆ. ಎಲ್ಲ ಕಡೆಯೂ ಇದೇ ಕತೆ. ಎ ಪ್ಲಸ್ ಬಂದ ಮಕ್ಕಳ ಫ್ಲೆಕ್ಸ್ ಬಸ್‌ಸ್ಟಾಂಡಿನ ಉದ್ದಕ್ಕೂ ಇರುತ್ತದೆ, ಸಂತೋಷ. ಆದರೆ ಅವರಲ್ಲಿ ಎಷ್ಟು ಮಂದಿ ಬಿದ್ದ ಚೆಂಡಿಗೆ ಹಾರಿ ಮೊಣಕೈ ತರಚಿಕೊಂಡಿದ್ದಾರೆ? ನಮ್ಮ ಕಾಲದಲ್ಲಿ ಸರ್ವಿಸ್ ನಮ್ಮದಿದ್ದರೆ ಮಾತ್ರ ಪಾಯಿಂಟ್. ಹದಿನೈದಕ್ಕೆ ಮುಟ್ಟುವಷ್ಟರಲ್ಲಿ ಸರ್ವಿಸ್ ಅತ್ತ ಇತ್ತ ಹೋಗಿ ಹೊತ್ತು ಮುಳುಗುತ್ತಿತ್ತು. ಗಳಿಸದೆಯೂ ಆಡುತ್ತಲೇ ಇರುವ ತಾಳ್ಮೆ ನಮಗೆ ಬಂದದ್ದು ಆ ಅಂಕಣದಲ್ಲಿ, ಯಾವ ಗೈಡ್ ಪುಸ್ತಕದಿಂದಲೂ ಅಲ್ಲ.

ನಮ್ಮ ಬ್ಯಾಚಿನವರು ಸೇರಿ ಹಳೆಯ ಅಂಕಣವನ್ನು ಸಮತಟ್ಟು ಮಾಡಿಸಿದ್ದೇವೆ. ಕಬ್ಬಿಣದ ಕಂಬ, ಹೊಸ ನೆಟ್ ಮತ್ತು ಚೆಂಡುಗಳ ಖರ್ಚು ನನ್ನದು. ಗೋಡೆಯ ಮೇಲೆ 2.43ರ ಗೆರೆಯನ್ನು ಈ ಸಲ ಪೈಂಟಿನಲ್ಲಿ ಎಳೆಸಿದ್ದೇವೆ; ಹೆಣ್ಣುಮಕ್ಕಳ ತಂಡವೂ ಇರುವುದರಿಂದ ಕೆಳಗೆ 2.24ರದ್ದೊಂದು. ಜನವರಿಯಲ್ಲಿ ಮಾಷ್ಟ್ರ ಹೆಸರಿನಲ್ಲಿ ಹೈಸ್ಕೂಲು ಮಕ್ಕಳಿಗೆ ಪಂದ್ಯ ನಡೆಸುತ್ತೇವೆ. ಹೆಡ್ಮಾಷ್ಟ್ರಲ್ಲಿ ನಮ್ಮ ಕೋರಿಕೆ ಇಷ್ಟೇ: ಹತ್ತನೆಯವರ ಆಟದ ಪೀರಿಯಡನ್ನು ಅವರಿಗೇ ಬಿಟ್ಟುಕೊಡಿ. ಗಣಿತಕ್ಕೆ ಹೊತ್ತು ಸಾಲದಿದ್ದರೆ ಶನಿವಾರ ಬಂದು ಪಾಠ ಹೇಳಲು ನಮ್ಮ ಬ್ಯಾಚಿನಲ್ಲೇ ಇಬ್ಬರು ಲೆಕ್ಚರರುಗಳಿದ್ದಾರೆ, ಅವರನ್ನು ಕೇಳಿ ಒಪ್ಪಿಸಿಯಾಗಿದೆ.