ಗದ್ದೆಗೆ ಮಣ್ಣು ಹೊಡೆಸಲು ಯಾರ ಅಪ್ಪಣೆ ಬೇಕು?

ತೀರ್ಥಹಳ್ಳಿ, ಹೊಸನಗರದ ಕಡೆಯಿಂದ ಪಹಣಿ ಹಿಡಿದು ನನ್ನ ಕಚೇರಿಗೆ ಬರುವವರಲ್ಲಿ ಹೆಚ್ಚಿನವರದು ಒಂದೇ ಪ್ರಶ್ನೆ. "ಗದ್ದೆ ನಮ್ಮದೇ, ಕಂದಾಯ ಕಟ್ಟುವವರೂ ನಾವೇ. ಮಣ್ಣು ಹೊಡೆಸಿ ಏನಾದರೂ ಕಟ್ಟಿಕೊಂಡರೆ ಯಾರು ಕೇಳುತ್ತಾರೆ ವಕೀಲರೇ? ಕೇರಳದಲ್ಲಿ ಗದ್ದೆ ಮುಚ್ಚುವ ಹಾಗೆಯೇ ಇಲ್ಲವಂತೆ, ನಮ್ಮಲ್ಲೂ ಹಾಗೇನಾ?"

ಇಲ್ಲ, ನಮ್ಮಲ್ಲಿ ಹಾಗಿಲ್ಲ. ಆದರೆ ಕೇಳುವವರೇ ಇಲ್ಲವೆಂದೂ ಅಲ್ಲ. ಕರ್ನಾಟಕ ಭೂ ಕಂದಾಯ ಕಾಯಿದೆ, 1964ರ 95ನೇ ಕಲಮಿನ ಪ್ರಕಾರ ಕೃಷಿ ಜಮೀನನ್ನು ಮನೆ, ಅಂಗಡಿ, ಸೈಟು, ಕಾರ್ಖಾನೆ ಮುಂತಾದ ಕೃಷಿಯೇತರ ಉಪಯೋಗಕ್ಕೆ ತರಬೇಕಾದರೆ ಸಾಮಾನ್ಯವಾಗಿ ಜಿಲ್ಲಾಧಿಕಾರಿಯ ಅನುಮತಿ ಬೇಕು. ಅದಿಲ್ಲದೆ ಕೈಹಾಕಿದವರಿಗೆ ದಂಡ ಹಾಕುವ, ಜಾಗದಿಂದ ತೆರವುಗೊಳಿಸುವ ಅಧಿಕಾರವನ್ನು 96ನೇ ಕಲಮು ಕೊಡುತ್ತದೆ. ನಾವು ಕನ್ವರ್ಷನ್ ಎನ್ನುವುದು ಈ ಅನುಮತಿಯನ್ನೇ. ಜಮೀನು ಯೋಜನಾ ಪ್ರಾಧಿಕಾರದ ವ್ಯಾಪ್ತಿಯಲ್ಲಿದ್ದರೆ ಮಹಾ ಯೋಜನೆಯಲ್ಲಿ, ಅಂದರೆ ಮಾಸ್ಟರ್ ಪ್ಲಾನಿನಲ್ಲಿ, ಆ ಜಾಗಕ್ಕೆ ಯಾವ ಉಪಯೋಗ ಗುರುತಾಗಿದೆ ಎಂಬುದನ್ನೂ ನೋಡಲಾಗುತ್ತದೆ. ಬೇಸಾಯದ ಅನುಕೂಲಕ್ಕಾಗಿ ಬಾವಿ ತೋಡುವುದಕ್ಕೆ, ಒಕ್ಕಲು ತಾನು ವಾಸಿಸಲು ಮಿತಿಯೊಳಗೆ ಜಮೀನಿನ ಮನೆ ಕಟ್ಟಿಕೊಳ್ಳುವುದಕ್ಕೆ ಅದೇ ಕಲಮು ಅವಕಾಶ ಕೊಟ್ಟಿದೆ. ಆ ಮನೆಗೆ ಹೋಂಸ್ಟೇ ಫಲಕ ತಗುಲಿಸಿದ ದಿನ ಮಾತು ಬೇರೆಯಾಗುತ್ತದೆ. 2020ರಲ್ಲಿ ಭೂ ಸುಧಾರಣಾ ಕಾಯಿದೆಯ 79ಎ, 79ಬಿ ಕಲಮುಗಳನ್ನು ತೆಗೆದುಹಾಕಿದ ಮೇಲೆ ಕೃಷಿಕರಲ್ಲದವರೂ ಜಮೀನು ಕೊಳ್ಳಬಹುದಾಯಿತು. ಕೊಂಡವರಲ್ಲಿ ಹಲವರು ಕನ್ವರ್ಷನ್ನಿನ ಅಗತ್ಯವೂ ಅದರೊಡನೆ ಹೋಯಿತೆಂದು ತಿಳಿದಿದ್ದಾರೆ. ಹೋಗಿಲ್ಲ.

ಇದರಲ್ಲಿ ಗಮನಿಸಬೇಕಾದದ್ದು ಒಂದಿದೆ. 95ನೇ ಕಲಮಿಗೆ ಕೃಷಿ ಜಮೀನು ಗೊತ್ತು, ಗದ್ದೆ ಗೊತ್ತಿಲ್ಲ. ಗುಡ್ಡದ ಖುಷ್ಕಿ ಎಂಬ ಒಣ ಜಮೀನಿಗೂ ವರ್ಷವಿಡೀ ಉಜಿರು, ಅಂದರೆ ಒಸರು ನೀರು, ಹರಿಯುವ ಬೈಲು ಗದ್ದೆಗೂ ಅಲ್ಲಿ ಅರ್ಜಿ ಒಂದೇ. ಗದ್ದೆಯನ್ನು ಅಡಿಕೆ ತೋಟ ಮಾಡುವವರಿಗಂತೂ ಆ ಅರ್ಜಿಯೂ ಬೇಕಿಲ್ಲ, ಏಕೆಂದರೆ ತೋಟಗಾರಿಕೆಯೂ ಕೃಷಿಯೇ. ಭದ್ರಾ, ತುಂಗಾ ಕಾಲುವೆಗಳ ಅಚ್ಚುಕಟ್ಟಿನಲ್ಲಿ ನೀರಾವರಿ ಕಾಯಿದೆಯ ಬೆಳೆ ಪದ್ಧತಿಯ ಕಟ್ಟಳೆ ಇದೆ. ಮಳೆಯನ್ನೇ ನಂಬಿದ ಮಲೆನಾಡಿನ ಬೈಲಿಗೆ ಅದು ತಾಗುವುದಿಲ್ಲ. ನಾನು ಕಂಡ ಮಟ್ಟಿಗೆ ನಮ್ಮ ಕಡೆ ಸೈಟಿಗೆ ಹೋದ ಗದ್ದೆಗಿಂತ ತೋಟಕ್ಕೆ ಹೋದ ಗದ್ದೆಯೇ ಹೆಚ್ಚು, ಮತ್ತು ಕಾನೂನಿನ ಕಣ್ಣಿಗೆ ಅಲ್ಲಿ ಏನೂ ನಡೆದೇ ಇಲ್ಲ.

ಕೇರಳದವರ ದಾರಿ ಬೇರೆ. ಅವರ ಭತ್ತದ ಗದ್ದೆ ಮತ್ತು ಜೌಗುಭೂಮಿ ಸಂರಕ್ಷಣಾ ಕಾಯಿದೆ, 2008 ಗದ್ದೆಯನ್ನು ಗದ್ದೆಯೆಂದೇ ಕಾಯುತ್ತದೆ. ಯಾವ ಸರ್ವೆ ನಂಬರು ಗದ್ದೆ ಎಂಬುದನ್ನು ಪಂಚಾಯಿತಿವಾರು ದತ್ತಾಂಶ ಪಟ್ಟಿಯಲ್ಲಿ ಬರೆದಿಡುತ್ತಾರೆ, ಕೃಷಿ ಅಧಿಕಾರಿಯೂ ರೈತರೂ ಇರುವ ಸ್ಥಳೀಯ ಸಮಿತಿ ನಿಗಾ ಇಡುತ್ತದೆ. ಮಾಲೀಕನಿಗೆ ಮನೆ ಕಟ್ಟಲು ಬೇರೆ ಜಾಗವೇ ಇಲ್ಲದಿದ್ದರೆ ಪಂಚಾಯಿತಿಯಲ್ಲಿ 10 ಸೆಂಟ್ಸ್, ಪಟ್ಟಣದಲ್ಲಿ 5 ಸೆಂಟ್ಸ್ ವರೆಗೆ ವಿನಾಯಿತಿ ಸಿಗಬಹುದು. 2018ರ ತಿದ್ದುಪಡಿಯು ಪಟ್ಟಿಯಲ್ಲಿ ಸೇರದ ಜಮೀನುಗಳಿಗೆ ಶುಲ್ಕದ ದಾರಿ ತೆರೆದು ಬಿಗಿಯನ್ನು ಸ್ವಲ್ಪ ಸಡಿಲಿಸಿತು. ಹೀಗಿದ್ದರೂ ಗದ್ದೆಯಲ್ಲಿ ನೀರು ನಿಲ್ಲುತ್ತದೆ, ಆ ನೀರಿಗೊಂದು ಕೆಲಸವಿದೆ ಎಂಬುದನ್ನು ಕಾನೂನೇ ಒಪ್ಪಿಕೊಂಡಿರುವುದು ಸಣ್ಣ ಮಾತಲ್ಲ.

"ಪಹಣಿಯಲ್ಲಿ ತರಿ ಅಂತಿದೆಯಲ್ಲ, ತರಿ ಅಂದರೆ ವೆಟ್ ಲ್ಯಾಂಡೇ ತಾನೇ?" ಎಂದು ಪಟ್ಟು ಹಿಡಿಯುವವರೂ ಇದ್ದಾರೆ. ಕಂದಾಯ ಇಲಾಖೆಯ ಭಾಷೆಯಲ್ಲಿ ಹೌದು. ಆದರೆ ಪರಿಸರ ಸಂರಕ್ಷಣಾ ಕಾಯಿದೆಯ ಅಡಿಯಲ್ಲಿ ಬಂದ 2017ರ ಜೌಗುಭೂಮಿ ನಿಯಮಗಳು ವೆಟ್‌ಲ್ಯಾಂಡ್ ಪದಕ್ಕೆ ಅರ್ಥ ಹೇಳುವಾಗಲೇ ನದೀಪಾತ್ರ, ಭತ್ತದ ಗದ್ದೆ, ಕುಡಿಯುವ ನೀರಿಗೋ ನೀರಾವರಿಗೋ ಕಟ್ಟಿದ ಕೆರೆಗಳನ್ನು ಹೊರಗಿಟ್ಟಿವೆ. 2024ರಲ್ಲಿ ಅಂತರರಾಷ್ಟ್ರೀಯ ಮಹತ್ವದ ಜೌಗುಭೂಮಿಗಳ ರಾಮ್ಸರ್ ಪಟ್ಟಿಗೆ ಸೇರಿದ ಅಘನಾಶಿನಿ ಅಳಿವೆಗೆ ಆ ನಿಯಮಗಳ ರಕ್ಷಣೆಯುಂಟು. ಅದೇ ಹೊಳೆಗೆ ಮೇಲಿನಿಂದ ನೀರು ಬಸಿಯುವ ಗದ್ದೆಗಳಿಗೆ ಇಲ್ಲ. ಒಂದು ಇಲಾಖೆಗೆ ತರಿಯಾದದ್ದು ಇನ್ನೊಂದಕ್ಕೆ ಒಣ ನೆಲ!

ಹಾಗೆಂದು ಎಲ್ಲವೂ ಮಾಲೀಕನ ಮರ್ಜಿಯಲ್ಲ. ಗದ್ದೆಯ ನಡುವೆ ಹಾಯ್ದ ಹಳ್ಳ ನಕಾಶೆಯಲ್ಲಿ ಬಿ ಖರಾಬು, ಅಂದರೆ ಸಾರ್ವಜನಿಕ ಬಳಕೆಗೆ ಬಿಟ್ಟ ನೆಲ, ಆಗಿದ್ದರೆ ಅದು ಸಾರ್ವಜನಿಕರದ್ದು. ಉಳಿದ ಜಮೀನಿಗೆ ಕನ್ವರ್ಷನ್ ಸಿಕ್ಕರೂ ಅದನ್ನು ಮುಚ್ಚುವಂತಿಲ್ಲ. ಮೇಲಿನ ಜಮೀನಿನಿಂದ ಸಹಜವಾಗಿ ಇಳಿಯುವ ನೀರನ್ನು ಕೆಳಗಿನವನು ತಡೆಯಬಾರದೆಂಬುದು ಸಿವಿಲ್ ನ್ಯಾಯಾಲಯಗಳು ಒಪ್ಪಿರುವ ಹಳೆಯ ತತ್ತ್ವ.

ಕಾಗದಪತ್ರವೆಲ್ಲ ಸರಿಯಿದ್ದ ಒಬ್ಬರು ಬೇಸಿಗೆಯಲ್ಲಿ ಧರೆ ಕಡಿಸಿದ ಕೆಂಪು ಮಣ್ಣನ್ನು ಟಿಪ್ಪರಿನಲ್ಲಿ ತರಿಸಿ, ಬೈಲಿನ ಗದ್ದೆಯನ್ನು ಆಳೆತ್ತರ ಏರಿಸಿದರು. ಮಳೆ ಹಿಡಿದ ವಾರದಲ್ಲಿ ನಾನು ಹೋದಾಗ ಮೇಲಿನ ಗದ್ದೆಯ ಅಗೆಮಡಿ ಮುಳುಗಿ, ಸಸಿಗಳ ತುದಿಯಷ್ಟೇ ಕಾಣುತ್ತಿತ್ತು. ಮಡಿ ಹಾಕಿದ ಮುದುಕರು ಅಂಚಿನ ಮೇಲೆ ಕೊಡೆ ಹಿಡಿದು ನಿಂತಿದ್ದರು. "ಅವರ ಹತ್ತಿರ ಆರ್ಡರ್ ಇದೆ ಅಂದರು. ನೀರಿಗೆ ಆರ್ಡರ್ ಓದೋಕೆ ಬರ್ತದಾ?" ಎಂದರು. ದಾವೆ ಹೂಡುವ ಮೊದಲು ಇಬ್ಬರನ್ನೂ ಕೂರಿಸಿ ಮಾತಾಡಿದೆವು. ತುಂಬಿಸಿದ ಮಣ್ಣಿನ ಬದಿಯಲ್ಲೇ ಮೂರು ಅಡಿ ಅಗಲದ ಕಾಲುವೆ ತೆಗೆಸಿಕೊಡಲು ಕೆಳಗಿನವರು ಒಪ್ಪಿದರು. ಆ ವರ್ಷದ ಅಗೆಯನ್ನು ಮುದುಕರು ಬೇರೆಯವರಿಂದ ತಂದು ನಟ್ಟಿ ಮಾಡಿದರು.